ಕೇಳಿ ನೋಡಿ: ನುಂಗಿದ ಸದ್ದು ಎಲ್ಲಿಗೆ ಹೋಗುತ್ತೆ?

ಈ ಸಲ ಬಂದ ಪತ್ರಗಳಲ್ಲಿ ನಾಲ್ಕು ಸದ್ದಿನ ಬಗ್ಗೇನೇ ಇದ್ವು, ನಾನು ಹೇಳಿ ಬರೆಸಿದ್ದಲ್ಲ, ತಾನಾಗೇ ಕೂಡಿಬಂತು. ಮೊದಲನೇದಕ್ಕೆ ಉತ್ತರ ಉದ್ದ ಆಗಿದೆ, ಉಳಿದೋರು ಬೇಜಾರು ಮಾಡ್ಕೋಬೇಡಿ.

ಪ್ರಶ್ನೆ: ಮೇಷ್ಟ್ರೇ, ನಾನು ಡಿಗ್ರಿ ಎರಡನೇ ವರ್ಷ, ಒಂದು ಫ್ಯಾಂಟಸಿ ಕಥೆ ಬರೀತಿದೀನಿ. ಯಾವತ್ತೂ ಮಂಜು ಬಿಡದ ಒಂದು ಬೆಟ್ಟದ ರಾಜ್ಯ, ಅಲ್ಲಿನ ಕಂಚುಗಾರರು 'ದನಿಗುಡಿಕೆ' ಅಂತ ಒಂದು ಪುಟ್ಟ ಪಾತ್ರೆ ಮಾಡ್ತಾರೆ. ಮುಚ್ಚಳ ತೆಗೆದ್ರೆ ಸುತ್ತಮುತ್ತಲಿನ ಸದ್ದೆಲ್ಲ ಒಳಗೆ ಹೋಗುತ್ತೆ, ಜೇನುಮೇಣ ಹಾಕಿ ಮುಚ್ಚಿದ್ರೆ ಅಲ್ಲೇ ಇರುತ್ತೆ, ಮೇಣ ಕರಗಿಸಿದ್ರೆ ಆಚೆ ಬರುತ್ತೆ. ನನ್ನ ನಾಯಕಿ ಇದನ್ನ ಇಟ್ಕೊಂಡು ಅರಮನೆಗೆ ನುಗ್ತಾಳೆ. ಇಂಜಿನಿಯರಿಂಗ್ ಓದ್ತಿರೋ ನಮ್ಮಣ್ಣ "ಅಷ್ಟು ಸದ್ದು ತುಂಬಿದ್ರೆ ಆ ಪಾತ್ರೆ ಬಾಂಬ್ ಥರ ಸಿಡಿಯುತ್ತೆ, ಫಿಸಿಕ್ಸೇ ಗೊತ್ತಿಲ್ಲ ನಿಂಗೆ" ಅಂತ ನಗ್ತಾನೆ. ಅವನು ಹೇಳೋದು ಸರೀನಾ? ಕಥೆ ಓದೋರು ಇದನ್ನ ನಂಬ್ತಾರಾ? (ವಿರಾಜಪೇಟೆಯಿಂದ ಒಬ್ಬ ಓದುಗಿ)

ಉತ್ತರ: ಮೊದ್ಲು ನಿಮ್ಮಣ್ಣನ ವಿಷಯ ಮುಗಿಸಿಬಿಡೋಣ. ಸಿಡಿಯೋದಿಲ್ಲ, ಕುಡಿಕೆ ಬೆಚ್ಚಗೂ ಆಗೋದಿಲ್ಲ. ನಮ್ಮ ಕಿವಿ ಅನ್ನೋದು ಭಾರೀ ಸೂಕ್ಷ್ಮ, ಅದಕ್ಕೇ ಸದ್ದು ಅಂದ್ರೆ ದೊಡ್ಡ ಶಕ್ತಿ ಅನ್ಕೋತೀವಿ, ಆದ್ರೆ ಲೆಕ್ಕ ಹಾಕಿದ್ರೆ ಪಾಪ ಏನೂ ಇಲ್ಲ. ಒಬ್ಬ ಮನುಷ್ಯ ಗಂಟಲು ಹರಿಯೋ ಹಾಗೆ ಕಿರುಚಿದ್ರೆ ಹೊರಗೆ ಬರೋ ಸದ್ದಿನ ಶಕ್ತಿ ಸುಮಾರು ಒಂದು ಮಿಲಿವಾಟ್, ಅಂದ್ರೆ ಒಂದು ವಾಟ್‌ನ ಸಾವಿರದಲ್ಲಿ ಒಂದು ಪಾಲು. ಒಂದು ಲೋಟ ಕಾಫಿ ಬಿಸಿ ಮಾಡೋಕೆ, 150 ಎಂಎಲ್ ಅನ್ಕೊಳ್ಳಿ, 25 ಡಿಗ್ರಿಯಿಂದ 95ಕ್ಕೆ ತರೋಕೆ ಸುಮಾರು 44 ಸಾವಿರ ಜೌಲ್ ಬೇಕು (ಒಂದು ವಾಟ್ ಒಂದು ಸೆಕೆಂಡ್ ನಡೆದ್ರೆ ಒಂದು ಜೌಲ್). ಕಿರುಚಿ ಕಿರುಚಿ ಅಷ್ಟನ್ನ ಕೂಡಿಸಬೇಕಾದ್ರೆ ಊಟ ನಿದ್ದೆ ಬಿಟ್ಟು 500 ದಿನದ ಮೇಲೆ ಕಿರುಚಬೇಕು! ಬರೀ ಮಾಮೂಲಿ ಮಾತಾಡ್ತಾ ಹೋದ್ರೆ ಶಕ್ತಿ ಇದರ ನೂರನೇ ಒಂದು ಪಾಲು, ಹಾಗಾಗಿ ನೂರು ವರ್ಷ ದಾಟುತ್ತೆ. ನಿಮ್ಮ ಇಡೀ ಸಂಸಾರ ಮೂರು ತಲೆಮಾರು ಜಗಳ ಆಡಿದ್ದನ್ನ ಕುಡಿಕೇಲಿ ತುಂಬಿಟ್ರೂ ಅದ್ರಿಂದ ಒಂದು ಲೋಟ ಕಾಫಿ ಕಾಯುತ್ತೋ ಇಲ್ವೋ. ಇದನ್ನ ನಿಮ್ಮಣ್ಣನಿಗೆ ತೋರಿಸಿ, ಲೆಕ್ಕ ಅವ್ರೇ ಹಾಕ್ಲಿ.

ಹಾಗಾಗಿ ಸಿಡಿಯೋ ಭಯ ಬೇಡ. ನಿಮ್ಮ ಕಥೆಗೆ ನಿಜವಾದ ಕಷ್ಟ ಬೇರೆ ಕಡೆ ಇದೆ. ನೀವು ಕಳಿಸಿದ ಅಧ್ಯಾಯದಲ್ಲಿ ನಾಯಕಿ ರಾತ್ರಿ ಮುಚ್ಚಳ ತೆಗೆದು ಕಾವಲುಗಾರರ ಪಕ್ಕದಲ್ಲೇ ನಡ್ಕೊಂಡು ಹೋಗ್ತಾಳೆ, ಒಂದು ಸದ್ದಿಲ್ಲ, ಅವ್ರು ನಿದ್ದೆ ಮಾಡ್ತಾನೇ ಇರ್ತಾರೆ. ಇದನ್ನ ನಾನು ನಂಬಲ್ಲ, ಕುಡಿಕೇನ ನಂಬ್ತೀನಿ ಆದ್ರೆ ಆ ಕಾವಲುಗಾರನ ನಿದ್ದೇನ ನಂಬಲ್ಲ.

ಯಾಕೆ ಅಂತ ಹೇಳ್ತೀನಿ. ನಾನು ಬೆಳೆದಿದ್ದು ಕೊಡಗಿನ ಸುಂಟಿಕೊಪ್ಪದ ಕಡೆ ಒಂದು ಸಣ್ಣ ತೋಟದ ಮನೇಲಿ. ಕೊಯ್ಲಿನ ಟೈಮಲ್ಲಿ ಸಂಜೆ ಕಾಫಿ ಹಣ್ಣು ಅಳತೆ ಆದ್ಮೇಲೆ ಅದರ ಸಿಪ್ಪೆ ಸುಲಿಯೋ ಪಲ್ಪರ್ ಶುರು, ಡೀಸೆಲ್ ಇಂಜಿನ್ನು ಟಕ ಟಕ ಟಕ ಅಂತ ರಾತ್ರಿ ಹತ್ತೋ ಹನ್ನೊಂದೋ ಆಗೋವರೆಗೂ. ಅಪ್ಪ ಜಗಲೀಲಿ ಕುರ್ಚಿ ಮೇಲೆ ಹಾಗೇ ಗೊರಕೆ. ಬೆಕ್ಕು ಅಡುಗೆಮನೇಲಿ ಪಾತ್ರೆ ಬೀಳಿಸಿದ್ರೂ ಎಚ್ಚರ ಇಲ್ಲ, ಅಮ್ಮ ಕೂಗಿದ್ರೂ ಇಲ್ಲ. ಆದ್ರೆ ಬೆಲ್ಟ್ ಜಾರಿ ಇಂಜಿನ್ ಸದ್ದು ನಿಲ್ತೋ, ಆ ಕ್ಷಣಕ್ಕೇ ಎದ್ದು ಟಾರ್ಚ್ ಹುಡುಕ್ತಿದ್ರು, ಕಣ್ಣು ಇನ್ನೂ ಪೂರ್ತಿ ಬಿಟ್ಟಿರ್ತಿರ್ಲಿಲ್ಲ, ಕಾಲು ಮಾತ್ರ ಚಪ್ಪಲಿ ಹುಡುಕ್ತಿರ್ತಿತ್ತು. ಸದ್ದು ನಿಲ್ಲೋದೂ ಒಂದು ಸದ್ದೇ. ಕಾಡಂಚಿನ ಮನೆಯೋರನ್ನ ಕೇಳಿ, ಸಂಜೆ ಜೀರುಂಡೆ ಕಿರ್ರೋ ಅಂತಿದ್ದಿದ್ದು ಒಮ್ಮೆಗೇ ನಿಂತ್ರೆ ನಾಯಿಗಿಂತ ಮೊದ್ಲು ಅವ್ರು ತಲೆ ಎತ್ತುತ್ತಾರೆ.

ಹಾಗಾದ್ರೆ ನಿಮ್ಮ ನಾಯಕಿ ಮುಚ್ಚಳ ತೆಗೆದ ತಕ್ಷಣ ಏನಾಗುತ್ತೆ? ಜೀರುಂಡೆ, ಕಪ್ಪೆ, ಮಾಡಿನಿಂದ ತೊಟ್ಟಿಕ್ಕೋ ನೀರು, ಪಕ್ಕದವನ ಗೊರಕೆ, ಎಲ್ಲ ಒಟ್ಟಿಗೆ ಇಲ್ಲ. ಕಾವಲುಗಾರ ಎದ್ದು ಕೂರ್ತಾನೆ. ಎದ್ದು ಕೂಗಿದ್ರೆ ಕೂಗೂ ಕೇಳಲ್ಲ, ಅದೂ ಕುಡಿಕೆ ಒಳಗೆ ಹೋಯ್ತು. ನೋಡಿ ಈಗ ಕಥೆ ಬಂತು! ಬಾಯಿ ತೆರೆದುಕೊಂಡು ಕೂಗ್ತಿರೋ ಕಾವಲುಗಾರ, ಎದುರಿಗೆ ನಾಯಕಿ, ಒಬ್ರ ಸದ್ದು ಇನ್ನೊಬ್ರಿಗೆ ಕೇಳ್ತಿಲ್ಲ. ಕಳ್ಳತನಕ್ಕೆ ಒಳ್ಳೇ ಸಾಧನ ಅಂತ ನೀವು ಅನ್ಕೊಂಡಿದ್ದೇ ಅವಳನ್ನ ಹಿಡಿದುಕೊಡುತ್ತೆ. ಜಾಣೆ ಆದ್ರೆ ಏನ್ಮಾಡ್ತಾಳೆ ಅಂದ್ರೆ ಹಿಂದಿನ ದಿನವೇ ಬಂದು ಒಂದು ಕುಡಿಕೇಲಿ ಅರಮನೆ ಅಂಗಳದ ಮಾಮೂಲಿ ರಾತ್ರಿ ಸದ್ದು ತುಂಬಿಟ್ಕೊಳ್ತಾಳೆ, ಮಾರನೇ ದಿನ ಒಂದು ಕುಡಿಕೆ ನುಂಗೋಕೆ, ಇನ್ನೊಂದು ಉಗುಳೋಕೆ. ಎರಡನೇ ಕುಡಿಕೆ ಮೇಣ ಎಷ್ಟು ಹೊತ್ತು ಬರುತ್ತೋ ಅಷ್ಟೇ ಅವಳ ಟೈಮು.

ಇನ್ನೊಂದು ಮಾತು. ಆ ಮೌನದ ಒಳಗೆ ಅವಳಿಗೆ ಏನೂ ಕೇಳಲ್ಲ ಅಂತ ಬರೆದಿದ್ದೀರಿ, ಅದು ತಪ್ಪು. ನಮ್ಮ ದನಿ ನಮಗೆ ಬರೀ ಗಾಳೀಲಿ ಕೇಳೋದಲ್ಲ, ತಲೆಬುರುಡೆ ಮೂಳೆಯಲ್ಲೂ ಹರಿದು ಕೇಳುತ್ತೆ, ಅದಕ್ಕೇ ರೆಕಾರ್ಡಿಂಗ್‌ನಲ್ಲಿ ನಮ್ಮ ದನಿ ನಮಗೇ ಯಾರದ್ದೋ ಅನ್ಸೋದು. ಕುಡಿಕೆ ಗಾಳಿ ಸದ್ದು ನುಂಗಬಹುದು, ಮೂಳೆ ಸದ್ದು ಹೇಗೆ ನುಂಗುತ್ತೆ? ಅಮೆರಿಕದ ಮೈಕ್ರೋಸಾಫ್ಟ್ ಕಂಪನಿಯಲ್ಲಿ ಸದ್ದು ಹೀರೋ ಒಂದು ಕೋಣೆ ಇದೆ, 2015ರಲ್ಲಿ ಅಲ್ಲಿ ಮೈನಸ್ 20.6 ಡೆಸಿಬಲ್ (ಸೊನ್ನೆ ಅಂದ್ರೆ ನಮ್ಮ ಕಿವಿಗೆ ಕೇಳೋ ಅತಿ ಸಣ್ಣ ಸದ್ದು, ಇದು ಅದಕ್ಕಿಂತಲೂ ಕೆಳಗೆ) ಅಳೆದು ಗಿನ್ನೆಸ್ ದಾಖಲೆ ಆಯ್ತು. ಅಂಥ ಕೋಣೆಗಳಲ್ಲಿ ಕೂತವರಿಗೆ ತಮ್ಮದೇ ಎದೆಬಡಿತ, ಹೊಟ್ಟೆ ಗುಡುಗುಡು, ಕತ್ತು ತಿರುಗಿಸಿದ್ರೆ ಮೂಳೆ ಸದ್ದು ಕೇಳುತ್ತಂತೆ. ನಿಮ್ಮ ನಾಯಕಿಗೂ ಅದೇ ಆಗ್ಲಿ. ಪಕ್ಕದಲ್ಲಿ ನಿಂತ ಆನೆ ಕೇಳಲ್ಲ, ತನ್ನ ಹಲ್ಲು ಕಟಕಟ ಅನ್ನೋದು ಮಾತ್ರ ಡೋಲು ಬಡಿದ ಹಾಗೆ ಕೇಳುತ್ತೆ.

ಮೇಣದ ವಿಷಯ ನನಗೆ ತುಂಬ ಇಷ್ಟ ಆಯ್ತು, ಸುಮ್ನೆ ಹೊಳೆದು ಬರೆದ್ರೋ ಗೊತ್ತಿದ್ದು ಬರೆದ್ರೋ. ಸದ್ದನ್ನ ಹಿಡಿದು ಮತ್ತೆ ನುಡಿಸೋ ಫೋನೋಗ್ರಾಫ್ ಎಡಿಸನ್ ಮಾಡಿದ್ದು 1877ರಲ್ಲಿ, ಮೊದ್ಲು ತವರದ ಹಾಳೆ ಮೇಲೆ, ಆಮೇಲೆ ಬಂದಿದ್ದು ಮೇಣದ ಸಿಲಿಂಡರ್‌ಗಳೇ. ಅದಕ್ಕೂ ಮೊದ್ಲು ಫ್ರಾನ್ಸ್‌ನಲ್ಲಿ ಸ್ಕಾಟ್ ದ ಮಾರ್ಟಿನ್‌ವಿಲ್ ಅಂತೊಬ್ರು ದೀಪದ ಮಸಿ ಹಿಡಿಸಿದ ಕಾಗದದ ಮೇಲೆ ದನಿಯ ಗೆರೆ ಬರೆಯೋ ಯಂತ್ರ ಮಾಡಿದ್ರು, ಆದ್ರೆ ಗೆರೆ ಇದೆ, ಅದನ್ನ ತಿರುಗಿ ನುಡಿಸೋ ದಾರಿ ಅವರ ಹತ್ರ ಇರ್ಲಿಲ್ಲ, ಅವ್ರಿಗೆ ಅದು ಬೇಕು ಅಂತಾನೂ ಇರ್ಲಿಲ್ಲ, ನೋಡೋಕೆ ಅಷ್ಟೇ. 1860ರಲ್ಲಿ ಹಾಗೆ ಗೀಚಿದ ಒಂದು ಹಾಡಿನ ಚೂರನ್ನ 2008ರಲ್ಲಿ ಕಂಪ್ಯೂಟರ್ ಇಟ್ಟು ನುಡಿಸಿದ್ರು. ಮೊದ್ಲು ಎಲ್ಲರಿಗೂ ಅದು ಯಾರೋ ಹೆಂಗಸೋ ಹುಡುಗಿಯೋ ಹಾಡಿದ ಹಾಗೆ ಕೇಳಿಸ್ತು, ಆಮೇಲೆ ನೋಡಿದ್ರೆ ಸ್ಪೀಡ್ ಜಾಸ್ತಿ ಇಟ್ಟಿದ್ರು, ಸರಿಯಾಗಿ ಇಟ್ರೆ ನಿಧಾನಕ್ಕೆ ಹಾಡ್ತಿರೋ ಗಂಡಸಿನ ದನಿ! ಇದನ್ನ ನಿಮ್ಮ ಕುಡಿಕೆಗೆ ಹಾಕಿ. ಮೇಣ ನಿಧಾನಕ್ಕೆ ಕರಗಿದ್ರೆ ಸರಿ, ಅವಸರಕ್ಕೆ ಕೆಂಡದ ಮೇಲಿಟ್ರೆ ದನಿ ಕೀರಲು. ಸತ್ತ ರಾಜನ ಕೊನೇ ಮಾತು ಇರೋ ಕುಡಿಕೇನ ಯಾವನೋ ಆತುರಗಾರ ಒಲೆ ಮೇಲಿಟ್ಟು ಕೇಳಿ, "ಇದು ರಾಣಿ ದನಿ" ಅಂತ ಪ್ರಮಾಣ ಮಾಡಿದ್ರೆ ಒಂದು ಯುದ್ಧ ಆಗೋಕೆ ಸಾಕು.

ಈಗ ನನ್ನ ನಿಜವಾದ ತಕರಾರು. ಇಂಥ ಸಾಧನ ಒಂದು ರಾಜ್ಯದಲ್ಲಿ ನೂರಿನ್ನೂರು ವರ್ಷದಿಂದ ಇದ್ರೆ ಆ ಜನ ಮಾತಾಡೋ ರೀತಿನೇ ಬೇರೆ ಆಗಿರ್ಬೇಕು. "ಮಾತು ಆಡಿದರೆ ಹೋಯ್ತು, ಮುತ್ತು ಒಡೆದರೆ ಹೋಯ್ತು" ಅನ್ನೋ ಗಾದೆ ನಿಮ್ಮ ಪುಸ್ತಕದ ಅಜ್ಜಿ ಬಾಯಲ್ಲಿ ಮೂರನೇ ಪುಟದಲ್ಲೇ ಬರುತ್ತೆ. ಆ ಲೋಕದಲ್ಲಿ ಆ ಗಾದೆ ಹುಟ್ಟೋದು ಹೇಗೆ? ಅಲ್ಲಿ ಆಡಿದ ಮಾತು ಹೋಗಲ್ವಲ್ಲ, ಅಟ್ಟದ ಮೇಲೆ ಸಾಲಾಗಿ ಕೂತಿರುತ್ತೆ. ಸಾಲ ಕೊಟ್ಟವನು ಪತ್ರ ಬರೆಸ್ಕೊಳ್ಳಲ್ಲ, ಕುಡಿಕೆ ಮುಂದೆ ಬಾಯಲ್ಲಿ ಹೇಳಿಸ್ಕೊಳ್ತಾನೆ. ಮದುವೆ ಮಾತುಕತೆಗೆ ಬಂದವರು ಮೊದ್ಲು ಮೂಲೆಮೂಲೆ ನೋಡ್ತಾರೆ ಎಲ್ಲಾದ್ರೂ ಮುಚ್ಚಳ ತೆಗೆದ ಕುಡಿಕೆ ಇದ್ಯಾ ಅಂತ. ಇಂಥವು ನಾಲ್ಕು ಬರೀರಿ, ಓದೋರು ಕುಡಿಕೇನ ತಾನಾಗೇ ನಂಬ್ತಾರೆ, ನೀವು ಅದರ ಲೋಹ ಯಾವುದು, ಮಂತ್ರ ಯಾವುದು ಅಂತ ಎರಡು ಪುಟ ವಿವರಿಸೋದೇ ಬೇಡ. (ಆ ಎರಡು ಪುಟ ತೆಗೀರಿ. ನಿಜವಾಗ್ಲೂ.)

ಹಾಗೇ ನುಂಗಿದ ಸದ್ದು ಯಾರದ್ದು, ಅದು ಯಾರಿಗೆ ತಲುಪಬೇಕಿತ್ತು ಅನ್ನೋದನ್ನೂ ಯೋಚಿಸಿ. ನಮ್ಮೂರಲ್ಲಿ ಸುಗ್ಗಿ ಹಬ್ಬ ಪುತ್ತರಿಯ ರಾತ್ರಿ ಕದಿರು ತೆಗೆಯೋವಾಗ ಕೋವಿಯಿಂದ ಗುಂಡು ಹಾರಿಸ್ತಾರೆ, "ಪೊಲಿ ಪೊಲಿ ದೇವಾ" ಅಂತ ಕೂಗ್ತಾರೆ, ಒಂದು ಗದ್ದೆ ಸದ್ದು ಇನ್ನೊಂದು ಗದ್ದೆಗೆ, ಅಲ್ಲಿಂದ ಗುಡ್ಡದಾಚೆಗೆ. ಕತ್ತಲಲ್ಲಿ ಯಾರ ಮನೆ ಗದ್ದೇಲಿ ಶುರುವಾಯ್ತು ಅಂತ ಕಿವಿಯಲ್ಲೇ ಗೊತ್ತಾಗೋದು. ನಿಮ್ಮ ಬೆಟ್ಟದ ರಾಜ್ಯದಲ್ಲೂ ಇಂಥದ್ದೊಂದು ಇದ್ದು, ಅದೇ ಹೊತ್ತಿಗೆ ನಡುವಿನ ಕಣಿವೇಲಿ ಯಾರೋ ಮುಚ್ಚಳ ತೆಗೆದು ಕೂತ್ರೆ? ಆಚೆ ದಡದ ಮನೆಯೋರು ಈಚೆ ಮನೆಗೆ ಏನೋ ಆಗಿದೆ ಅಂತ ದೊಂದಿ ಹಿಡ್ಕೊಂಡು ಓಡಿ ಬರ್ತಾರೆ.

ಮತ್ತೆ ಸಣ್ಣ ತಿದ್ದುಪಡಿ ಒಂದು, ಎರಡು ಕಿಲೋಮೀಟರ್ ದೂರದ ಬೆಟ್ಟದಲ್ಲಿ ಕಹಳೆ ಊದಿದ "ಆ ಕ್ಷಣವೇ" ಇವಳು ತಿರುಗಿದಳು ಅಂತ ಬರೆದಿದ್ದೀರಿ. ಸದ್ದಿಗೆ ಒಂದು ಕಿಲೋಮೀಟರ್‌ಗೆ ಮೂರು ಸೆಕೆಂಡ್ ಹತ್ರ ಬೇಕು, ಚಳಿ ಇದ್ರೆ ಇನ್ನೂ ಒಂಚೂರು ನಿಧಾನ, 20 ಡಿಗ್ರೀಲಿ ಸೆಕೆಂಡಿಗೆ 343 ಮೀಟರ್ ಆದ್ರೆ ಸೊನ್ನೆ ಡಿಗ್ರೀಲಿ 331. ಆರು ಸೆಕೆಂಡ್ ಬಿಟ್ಟು ತಿರುಗಿಸಿ. 1883ರಲ್ಲಿ ಕ್ರಕಟೋವ ಜ್ವಾಲಾಮುಖಿ ಸಿಡಿದಾಗ ಆ ಸದ್ದು ಸುಮಾರು 4,800 ಕಿಲೋಮೀಟರ್ ದೂರದ ರಾಡ್ರಿಗಸ್ ದ್ವೀಪಕ್ಕೆ ಹೋಗಿ ಮುಟ್ಟಿದ್ದು ನಾಲ್ಕು ಗಂಟೆ ಆದ್ಮೇಲೆ, ಅಲ್ಲಿಯೋರು ಯಾವುದೋ ಹಡಗಿನ ಫಿರಂಗಿ ಅನ್ಕೊಂಡ್ರಂತೆ.

ಪ್ರಶ್ನೆ: ಸರ್, ನಾನು ಒಂಬತ್ತನೇ ಕ್ಲಾಸ್. ನಾವು ಫ್ರೆಂಡ್ಸ್ ಸೇರಿ ಒಂದು ಬೋರ್ಡ್ ಗೇಮ್ ಮಾಡ್ತಿದೀವಿ, ಅದ್ರಲ್ಲಿ ಮಂಜಿನ ಮಾಂತ್ರಿಕ ಮಂಜು ಬಿಟ್ರೆ ಶತ್ರುಗಳಿಗೆ ಸದ್ದು ಕೇಳಲ್ಲ. ಮಂಜು ನಿಜವಾಗ್ಲೂ ಸದ್ದು ತಡೆಯುತ್ತಾ? (ಸೋಮವಾರಪೇಟೆಯ ಒಬ್ಬ ವಿದ್ಯಾರ್ಥಿ)

ಉತ್ತರ: ಇಲ್ಲ ಮರಿ, ಉಲ್ಟಾನೇ ಜಾಸ್ತಿ. ಹಿಂದೆ ವಿಜ್ಞಾನಿಗಳೂ ನಿನ್ನ ಥರಾನೇ ಅನ್ಕೊಂಡಿದ್ರು. ಹಡಗುಗಳಿಗೆ ಮಂಜಲ್ಲಿ ದಡ ಕಾಣ್ಸಲ್ಲ, ಅದಕ್ಕೆ ಕಹಳೆ ಊದಿ ಎಚ್ಚರಿಸ್ತಿದ್ರು, ಮಂಜು ಆ ಸದ್ದನ್ನ ತಿಂದುಹಾಕಿದ್ರೆ ಏನು ಗತಿ ಅಂತ 1873ರಲ್ಲಿ ಜಾನ್ ಟಿಂಡಲ್ ಇಂಗ್ಲೆಂಡ್ ಕರಾವಳೀಲಿ ಪರೀಕ್ಷೆ ಶುರು ಮಾಡಿದ್ರು. ನೋಡಿದ್ರೆ ದಟ್ಟ ಮಂಜಲ್ಲಿ ಸದ್ದು ಚೆನ್ನಾಗೇ ಹೋಗ್ತಿತ್ತು, ಬಿಸಿಲಿರೋ ಶುಭ್ರ ದಿನಗಳಲ್ಲೇ ಕೆಲವು ಸಲ ಬೇಗ ಸತ್ತುಹೋಗ್ತಿತ್ತು, ಯಾಕಂದ್ರೆ ಬಿಸಿಲಿಗೆ ಗಾಳಿ ಅಲ್ಲಲ್ಲಿ ಬಿಸಿಯಾಗಿ ಕಲಸುಮೇಲೋಗರ ಆಗಿರುತ್ತೆ, ಸದ್ದು ಅದ್ರಲ್ಲಿ ಚೆದುರಿಹೋಗುತ್ತೆ.

ನಮ್ಮ ಕಣಿವೆಗಳಲ್ಲಿ ಚಳಿಗಾಲದ ಬೆಳಗ್ಗೆ ಕೆಳಗೆ ತಣ್ಣನೆ ಗಾಳಿ, ಮೇಲೆ ಸ್ವಲ್ಪ ಬೆಚ್ಚನೆ ಗಾಳಿ ಇರುತ್ತೆ. ಬೆಚ್ಚನೆ ಗಾಳೀಲಿ ಸದ್ದು ಜೋರಾಗಿ ಓಡೋದ್ರಿಂದ ಮೇಲೆ ಹೋಗ್ಬೇಕಾದ ಸದ್ದು ಬಾಗಿ ಮತ್ತೆ ನೆಲಕ್ಕೇ ಬರುತ್ತೆ. ಬೆಳಗ್ಗೆ ಆರಕ್ಕೆ ಬಸ್ಸು ಎರಡು ತಿರುವು ಆಚೆ ಇದ್ರೂ ಹಾರನ್ನು ಮನೆ ಗೇಟಲ್ಲೇ ಕೇಳಿದ ಹಾಗಿರುತ್ತಲ್ಲ, ಓಡಿಹೋಗಿ ನಿಂತ್ರೆ ಬಸ್ಸೇ ಇಲ್ಲ, ಅದು ಇದೇ. ಹಾಗಾಗಿ ನಿಮ್ಮ ಮಾಂತ್ರಿಕನ ಪವರ್ ಬದಲಾಯ್ಸು. ಮಂಜು ಬಿಟ್ರೆ ಶತ್ರುಗೆ ಕಾಣಲ್ಲ, ಆದ್ರೆ ಮಾಂತ್ರಿಕ ಕೆಮ್ಮಿದ್ರೂ ಮೂರು ಮನೆ ಆಚೆ ಕೇಳುತ್ತೆ ಅಂತ ಮಾಡು, ಆಟಕ್ಕೆ ಮಜಾ ಬರುತ್ತೆ.

ಪ್ರಶ್ನೆ: ನಮ್ಮ ತೋಟದ ಪಕ್ಕ ಒಂದು ಹೋಂಸ್ಟೇ ಬಂದಿದೆ. ಶನಿವಾರ ಬಂತು ಅಂದ್ರೆ ಮಧ್ಯರಾತ್ರಿವರೆಗೂ ಡಿಜೆ. ನನ್ನ ಮೊಮ್ಮಗ ಬೆಂಗಳೂರಿಂದ ಸದ್ದು ಕ್ಯಾನ್ಸಲ್ ಮಾಡೋ ಹೆಡ್‌ಫೋನ್ ತಂದುಕೊಟ್ಟ, ಚೆನ್ನಾಗಿದೆ. ಅದೇ ಥರ ಇಡೀ ಮನೆಗೆ ಒಂದು ಮಿಷನ್ ಹಾಕಿಸೋಕೆ ಆಗುತ್ತಾ? (ನಾಪೋಕ್ಲು ಕಡೆಯ ಒಬ್ಬ ಹಿರಿಯರು)

ಉತ್ತರ: ಆಗಲ್ಲ ಸರ್, ಸದ್ಯಕ್ಕೆ ಮೇಲಿನ ತಂಗಿಯ ದನಿಗುಡಿಕೇನೇ ಗತಿ. ಹೆಡ್‌ಫೋನ್ ಮಾಡೋದು ಏನಂದ್ರೆ ಹೊರಗಿನ ಅಲೆ ಮೇಲೆ ಹೋದಾಗ ಇದು ಅಷ್ಟೇ ಕೆಳಗೆ ಹೋಗೋ ಅಲೆ ಹುಟ್ಟಿಸುತ್ತೆ, ಎರಡೂ ಸೇರಿ ಸೊನ್ನೆ. ಈ ಐಡಿಯಾಗೆ ಜರ್ಮನಿಯ ಪಾಲ್ ಲ್ಯೂಗ್ ಅನ್ನೋರಿಗೆ ಅಮೆರಿಕದ ಪೇಟೆಂಟ್ ಸಿಕ್ಕಿದ್ದು 1936ರಲ್ಲೇ. ಕಿವಿ ಹತ್ರದ ಒಂದಿಷ್ಟು ಜಾಗದಲ್ಲಿ ಇದು ಸುಲಭ. ಮನೆ ತುಂಬ ಮಾಡೋಕೆ ಹೋದ್ರೆ ಒಂದು ಕಡೆ ಸೊನ್ನೆ ಆದ ಸದ್ದು ಎರಡು ಹೆಜ್ಜೆ ಪಕ್ಕಕ್ಕೆ ಡಬಲ್ ಆಗಿ ಕೂತಿರುತ್ತೆ, ನಿಮ್ಮ ಮಂಚ ಶಾಂತ, ಯಜಮಾನ್ತಿ ಮಂಚದ ಹತ್ರ ಎರಡು ಡಿಜೆ. ಮನೇಲಿ ಜಗಳಕ್ಕೆ ಇದೊಂದು ಬಾಕಿ ಇತ್ತು.

ಡಿಜೆಯ ಡಬ್ ಡಬ್ ಅನ್ನೋ ದಪ್ಪ ಸದ್ದಿನ ಅಲೆ ಒಂದೊಂದೂ ಮೂರ್ನಾಲ್ಕು ಮೀಟರ್ ಉದ್ದ, ಕಿಟಕಿ ಪರದೆಗೆಲ್ಲ ಅದು ಕ್ಯಾರೇ ಅನ್ನಲ್ಲ. ನಿಮಗೆ ಬೇಕಾಗಿರೋದು ಮಿಷನ್ ಅಲ್ಲ, ಕಾನೂನು. 2000ನೇ ಇಸವಿಯ ಶಬ್ದ ಮಾಲಿನ್ಯ ನಿಯಮದ ಪ್ರಕಾರ ರಾತ್ರಿ 10ರಿಂದ ಬೆಳಗ್ಗೆ 6ರವರೆಗೆ ಬಯಲಲ್ಲಿ ಧ್ವನಿವರ್ಧಕ ಹಾಕೋ ಹಾಗಿಲ್ಲ, ಜನ ವಾಸ ಮಾಡೋ ಪ್ರದೇಶದಲ್ಲಿ ರಾತ್ರಿ ಮಿತಿ 45 ಡೆಸಿಬಲ್. ಮೊದ್ಲು ಹಗಲಲ್ಲಿ ಹೋಗಿ ಒಂದು ಮಾತು ಹೇಳಿ ನೋಡಿ, ಕೇಳ್ಲಿಲ್ಲ ಅಂದ್ರೆ ಆ ರಾತ್ರೀನೇ 112ಕ್ಕೆ ಫೋನ್ ಮಾಡಿ. ಹೆಡ್‌ಫೋನ್ ತೆಗೆದು ಮಾಡಿ, ಇಲ್ಲಾಂದ್ರೆ ಅವ್ರು ಏನಂದ್ರು ಅಂತ ಕೇಳಲ್ಲ.

ಪ್ರಶ್ನೆ: ನನ್ನ ಮಗ ಆರನೇ ಕ್ಲಾಸು, ಆನೆಗೆ ಮಾತ್ರ ಕೇಳಿಸೋ ಒಂದು ಮಾಯದ ಕೊಂಬಿನ ಕಥೆ ಬರೆದಿದಾನೆ. ಊದಿದ್ರೆ ಮನುಷ್ಯರಿಗೆ ಕೇಳಲ್ಲ, ಆನೆ ಮಾತ್ರ ತಿರುಗಿ ಹೋಗುತ್ತೆ. ನಮ್ಮ ತೋಟಕ್ಕೆ ವಾರಕ್ಕೊಂದ್ಸಲ ಆನೆ ಬರೋದ್ರಿಂದ ನಮಗೂ ಆಸೆ ಹುಟ್ಟಿದೆ ಮೇಷ್ಟ್ರೇ, ಅಂಥದ್ದು ಇದ್ಯಾ? (ಸಿದ್ದಾಪುರದ ಒಬ್ಬ ತಾಯಿ)

ಉತ್ತರ: ಕಥೆಯ ಅರ್ಧ ನಿಜ ಅಮ್ಮ. ನಮಗೆ ಕೇಳದಷ್ಟು ದಪ್ಪ ದನೀಲಿ, ಸೆಕೆಂಡಿಗೆ 20 ಕಂಪನಕ್ಕಿಂತ ಕಡಿಮೇಲಿ, ಆನೆಗಳು ಮಾತಾಡ್ಕೊಳ್ತವೆ, ಅದು ಕಿಲೋಮೀಟರ್‌ಗಟ್ಟಲೆ ಹೋಗುತ್ತೆ. 1984ರಲ್ಲಿ ಅಮೆರಿಕದ ಕೇಟಿ ಪೇನ್ ಅನ್ನೋ ಸಂಶೋಧಕಿ ಒಂದು ಮೃಗಾಲಯದಲ್ಲಿ ಆನೆಗಳ ಹತ್ರ ನಿಂತಿದ್ದಾಗ ಗಾಳೀಲಿ ಏನೋ ಅದುರಿದ ಹಾಗೆ ಅನ್ನಿಸಿ, ಆಮೇಲೆ ರೆಕಾರ್ಡ್ ಮಾಡಿ ನೋಡಿ ಕಂಡುಕೊಂಡಿದ್ದು. ಆದ್ರೆ ಅಂಥ ದನಿ ಬರೋ ಕೊಂಬು ಮಾಡೋಕೆ ಹೋದ್ರೆ, ಎರಡೂ ಕಡೆ ತೆರೆದ ಕೊಳವೆ ಎಂಟೂವರೆ ಮೀಟರ್ ಉದ್ದ ಇರ್ಬೇಕಾಗುತ್ತೆ. ನಿಮ್ಮ ಮಗನ ಕಥೇಲಿ ಹುಡುಗ ಅದನ್ನ ಸೊಂಟಕ್ಕೆ ಸಿಕ್ಕಿಸ್ಕೊಂಡು ಮರ ಹತ್ತುತ್ತಾನೆ, ಅದೊಂದನ್ನ ತಿದ್ದಿಸಿ, ಮಾಯ ಅಂತ ಹೇಳಿದ್ರೂ ಮರಕ್ಕೆ ಕಷ್ಟ.

ಆನೆ ತಿರುಗಿ ಹೋಗೋ ಸದ್ದು ಬೇರೆ ಒಂದಿದೆ, ಜೇನಿನ ಗುಂಯ್. ಕೀನ್ಯಾದಲ್ಲಿ ಲೂಸಿ ಕಿಂಗ್ ಮತ್ತು ಜೊತೆಯೋರು ಸಿಟ್ಟಾದ ಜೇನಿನ ರೆಕಾರ್ಡಿಂಗ್ ಹಾಕಿದ್ರೆ ಹೆಚ್ಚಿನ ಆನೆ ಗುಂಪು ಜಾಗ ಬಿಟ್ಟು ಹೋಗುತ್ತೆ ಅಂತ 2007ರಲ್ಲಿ ತೋರಿಸಿದ್ರು. ನಮ್ಮ ಕೊಡಗಲ್ಲೇ ನಾಗರಹೊಳೆ ಅಂಚಲ್ಲಿ 2021ರಲ್ಲಿ ಖಾದಿ ಮತ್ತು ಗ್ರಾಮೋದ್ಯೋಗ ಆಯೋಗದೋರು ಆನೆ ದಾರೀಲಿ ಜೇನುಪೆಟ್ಟಿಗೆ ಇಡೋ ಯೋಜನೆ ಶುರು ಮಾಡಿದ್ರು. ಬರೀ ಸ್ಪೀಕರ್ ಸಾಕಲ್ವಾ ಅಂತ ಕೇಳ್ಬೇಡಿ. ಪಟಾಕಿಗೆ ಒಗ್ಗಿಹೋಗಿರೋ ಆನೆ ನಿಮ್ಮ ಕಡೇನೇ ಇವೆ, ಮೊದಲ ದಿನ ಓಡಿದ್ದು ನಾಲ್ಕನೇ ದಿನ ನಿಂತ್ಕೊಂಡು ಹಲಸಿನ ಹಣ್ಣು ತಿನ್ನುತ್ತೆ. ಸ್ಪೀಕರ್ ಕಚ್ಚಲ್ಲ ಅಂತ ಅದಕ್ಕೆ ಗೊತ್ತಾಗೋಕೆ ಎಷ್ಟು ಹೊತ್ತು? ಮಗನಿಗೆ ಹೇಳಿ, ಆ ಮಾಯದ ಕೊಂಬಿನ ತುದೀಲಿ ನಾಲ್ಕು ನಿಜವಾದ ಜೇನುಹುಳಾನೂ ಇಡು ಅಂತ.